ಅರವತ್ತು ಕಟ್ಟಿನ ಮುಂಜಾವು

ಬನಹಟ್ಟಿಯ ನೇಕಾರರ ಓಣಿ ಇನ್ನೂ ಎದ್ದಿಲ್ಲ. ಐದೂಕಾಲಕ್ಕೆ ಸರಿಯಾಗಿ ಅನ್ನವ್ವ ಅಂಗೈಯಲ್ಲಿ ಒಲೆಯ ಬೂದಿ ಹಿಡಿದು ತಮ್ಮ ಮನೆಯ ಮಗ್ಗದ ಕೋಣೆಯ ಮುಂದೆ ನಿಲ್ಲುತ್ತಾರೆ. ಹೊಸ್ತಿಲ ಬಳಿ ಗಂಡ ಗುರಪ್ಪ ಟೈಂಪೀಸು ಇಟ್ಟುಕೊಂಡು ಕೂತಿದ್ದಾರೆ. ಒಳಗೆ ಕತ್ತಲು, ಏನೂ ಇಲ್ಲ. ಕಣ್ಣು ಮಿಟುಕಿಸುವಷ್ಟರಲ್ಲಿ ಅದೇ ಕೋಣೆಯಲ್ಲಿ ಕಂದೀಲು ಉರಿಯುತ್ತಿದೆ, ಮಗ್ಗಕ್ಕೆ ಹಾಸಿನ ಉದ್ದನೆ ಎಳೆಗಳು ಬಿಗಿದಿವೆ, ಹತ್ತೊಂಬತ್ತರ ಹುಡುಗಿಯೊಬ್ಬಳು ತಲೆ ಬಗ್ಗಿಸಿ ಎಳೆ ಹೊಸೆಯುತ್ತಿದ್ದಾಳೆ. ಅನ್ನವ್ವ ಒಳಗೆ ಕಾಲಿಡುತ್ತಾರೆ.

“ನೀರಿಗೆ ಹೋದಾಕಿ ಬರಿಗೈಲೆ ಬಂದೀಯಲ್ಲ ವೈನಿ. ತಲಿ ಯಾಕ ಬೆಳ್ಳಗಾಗೇತಿ?”

“ಗಂಜಿ ಗಡಿಗಿ ಮ್ಯಾಲಿಂದ ಬಿತ್ತ ಬೇ. ನಿಮ್ಮಣ್ಣ ಇಟ್ಟಿದ್ದು.”

“ನಮ್ಮಣ್ಣ ಇಟ್ಟದ್ದು ಯಾವಾಗ ನಿಂತೈತಿ?” ಎಂದು ಹುಡುಗಿ ನಗುತ್ತಾಳೆ. ಹೊಸ್ತಿಲಲ್ಲಿ ಕೂತ ಅಣ್ಣ ಟೈಂಪೀಸಿನಿಂದ ಕಣ್ಣು ಎತ್ತುವುದಿಲ್ಲ.

ಆ ಹುಡುಗಿ ಶಿವವ್ವ, ಗುರಪ್ಪನವರ ತಂಗಿ, ಅನ್ನವ್ವನವರ ನಾದಿನಿ. ಹದಿನಾರು ವರ್ಷದ ಹಿಂದಿನ ಒಂದು ಮುಂಜಾವಿನೊಳಗೆ ಸಿಕ್ಕಿಬಿದ್ದವಳು ಇನ್ನೂ ಹೊರಗೆ ಬಂದಿಲ್ಲ.

ಸಂಸ್ಥಾನದ ಕಾಲದಿಂದ ಜಮಖಂಡಿ ಗುಡ್ಡದ ಬುಡದಲ್ಲಿ, ಕಲ್ಲಿನ ನೆಲಮಾಳಿಗೆಯಲ್ಲಿ, ದಾರಿ ತಪ್ಪಿ ಅಲೆಯುವ ಹೊತ್ತುಗಳನ್ನು, ದಿನದಿಂದ ಕಳಚಿಕೊಂಡ ಕಾಲದ ತುಣುಕುಗಳನ್ನು, ಸೆರೆ ಇಟ್ಟಿದ್ದರು. ೧೯೭೨ರಲ್ಲಿ ಮೂರು ದಿನ ಹಿಡಿದ ಮಳೆಗೆ ಬುನಾದಿ ಕುಸಿದು ಗೋಡೆ ಬಿತ್ತು. ನಲವತ್ತಮೂರು ಹೊತ್ತುಗಳು ಒಮ್ಮೆಲೇ ಹೊರಬಿದ್ದು ಜಮಖಂಡಿ, ಮುಧೋಳ, ಬೀಳಗಿ ಸೀಮೆಯ ತುಂಬ ಚೆದುರಿದವು. ಬಿದ್ದಲ್ಲಿ ಸಿಕ್ಕಿದವರನ್ನು ಹಿಡಿದುಕೊಂಡವು. ಹಗ್ಗ ಹಾಕಿದರು, ಗೋಡೆ ಕಟ್ಟಿಸಿದರು, ಯಾವುದೂ ನಡೆಯಲಿಲ್ಲ.

ದಾರಿ ತೋರಿಸಿದವರು ಬೀಳಗಿ ತಾಲ್ಲೂಕಿನ ಅನಗವಾಡಿಯ ಲಕ್ಷ್ಮವ್ವ. ಅವರ ಗಂಡ ಜೋಳದ ರಾಶಿ ತೂರುತ್ತಿದ್ದಾಗ ಒಂದು ಮಧ್ಯಾಹ್ನಕ್ಕೆ ಸಿಕ್ಕಿಬಿದ್ದಿದ್ದ. ಲಕ್ಷ್ಮವ್ವ ಒಳಹೊಕ್ಕು ಅವನ ಜೊತೆ ನಿಂತು ತೂರಿದರು. ಕೊನೆಯ ಮೊರ ಖಾಲಿಯಾದದ್ದೇ ತಡ, ಹೊತ್ತು ಕರಗಿ ಗಂಡ ಕಣದಲ್ಲಿ ನಿಂತಿದ್ದ. ಅರ್ಧಕ್ಕೆ ನಿಂತ ಕೆಲಸ ಮುಗಿದರೆ ಹೊತ್ತು ಬಿಡುತ್ತದೆ. ಹೀಗೆ ನಲವತ್ತೆರಡು ಹೊತ್ತುಗಳು ಬಿಟ್ಟುಕೊಟ್ಟವು. ಉಳಿದದ್ದು ಇದೊಂದೇ.

ಇದರ ಕೆಲಸ ದೊಡ್ಡದು. ಮುಗಿದ ಹಾಸಿನ ಒಂದೊಂದು ತುದಿಗೆ ಹೊಸ ಹಾಸಿನ ಒಂದೊಂದು ಎಳೆಯನ್ನು ಬೂದಿ ಹಚ್ಚಿದ ಬೆರಳಲ್ಲಿ ಹೊಸೆದು ಸೇರಿಸಬೇಕು. ಕೆಚ್ಚುವುದು ಎನ್ನುತ್ತಾರೆ. ನಲವತ್ತು ಎಳೆಗೆ ಒಂದು ಕಟ್ಟು, ಒಟ್ಟು ಅರವತ್ತು ಕಟ್ಟು. ಆ ದಿನ ಅತ್ತಿಗೆ ನಾದಿನಿ ಆಗಷ್ಟೇ ಕೆಚ್ಚಲು ಕೂತಿದ್ದರು. ಅನ್ನವ್ವ ನೀರು ತರಲು ಕೊಡ ಹಿಡಿದು ಎದ್ದರು. ತಿರುಗಿ ಬಂದಾಗ ಶಿವವ್ವ ಇರಲಿಲ್ಲ. ಮರುದಿನ ಐದೂಕಾಲಕ್ಕೆ ಮತ್ತೆ ಕಂಡಳು. ಬೇರೆಯವರು ಕಾಲಿಟ್ಟರೆ ಖಾಲಿ ಕೋಣೆ. ಆ ಕೆಲಸದಿಂದ ಎದ್ದು ಹೋದ ಅನ್ನವ್ವನವರಿಗೆ ಮಾತ್ರ ಒಳಗೆ ಜಾಗ. ಕೈ ಹಿಡಿದು ಎಳೆದರೆ ಹುಡುಗಿ ಹೊಸ್ತಿಲ ತನಕ ಬರುತ್ತಾಳೆ. ಆಮೇಲೆ ಕೈಯಲ್ಲಿ ಏನೂ ಇರುವುದಿಲ್ಲ.

ಹೊತ್ತು ಮುಗಿಯುವುದರೊಳಗೆ ಅರವತ್ತೂ ಆಗದಿದ್ದರೆ ಮರುದಿನ ಮತ್ತೆ ಮೊದಲಿನಿಂದ. ಶಿವವ್ವನಿಗೆ ಹಿಂದಿನ ದಿನದ್ದು ಒಂದೂ ನೆನಪಿಲ್ಲ. ಮೊದಲ ವರ್ಷ ಇಬ್ಬರೂ ಸೇರಿ ಮೂವತ್ತು ದಾಟಲಿಲ್ಲ.

“ಆವಾಗ ದಿನಾ ಖರೇ ಹೇಳತಿದ್ನಿರಿ,” ಎನ್ನುತ್ತಾರೆ ಅನ್ನವ್ವ. “ಹಿಂಗಿಂಗಾಗೇತಿ ಅಂತ. ಆಕಿ ಅಳತಿದ್ಲು, ಕೈ ನಡಗತಿದ್ದುವು. ಒಂದಿನ ಹೇಳಾಕ ಬ್ಯಾಸರಾಗಿ, ತಲಿಮ್ಯಾಲೆ ಹಿಟ್ಟ ಬಿದ್ದೈತಿ ಅಂದ್ನಿ. ನಕ್ಕಳು. ಎಣಿಸಿದ್ರ ನಲವತ್ತೊಂದ ಕಟ್ಟ ಆಗಿತ್ತು. ನಕ್ಕರ ಕೈ ಹಗೂರ ಆಗತೈತ್ರಿ.”

ಅಂದಿನಿಂದ ದಿನಕ್ಕೊಂದು ಸುಳ್ಳು. ಹಗಲೆಲ್ಲ ರಬಕವಿ, ಬನಹಟ್ಟಿಯ ಎರಡು ಮನೆಗಳ ಹಾಸು ಕೆಚ್ಚುತ್ತಾರೆ, ಕೈ ಚುರುಕಾಗಿರಲಿ ಎಂದು. ಜೊತೆಗೆ ನಾಳೆಯ ಸುಳ್ಳನ್ನೂ ಹುಡುಕುತ್ತಾರೆ.

ಈಗ ಕಣ್ಣಿಗೆ ಪೊರೆ ಬಂದಿದೆ. ಆಪರೇಷನ್ ಮಾಡಿಸಿ ಒಂದು ತಿಂಗಳು ಕೆಲಸ ಬಿಡಿ ಎಂದು ಮುಧೋಳದ ಡಾಕ್ಟರು ಹೇಳಿದ್ದಾರೆ. “ತಿಂಗಳಗಟ್ಲೆ ಆಕಿ ಒಬ್ಬಾಕಿನ ಕುಂದರಬೇಕೇನ್ರಿ?” ಎಂದು ಅನ್ನವ್ವ ಎದ್ದು ಬಂದರು. ಈಗ ಬೆರಳೇ ಕಣ್ಣು.

ಕಾಯಲು ಪುರುಸೊತ್ತೂ ಇಲ್ಲ. ಒಂದೂವರೆ ತಾಸಿದ್ದ ಹೊತ್ತು ಸವೆಯುತ್ತಿದೆ. ಗುರಪ್ಪ ದಿನವೂ ಹೊಸ್ತಿಲಲ್ಲೇ ಅಳೆಯುತ್ತಾರೆ. ಕಳೆದ ಒಂದೇ ವರ್ಷದಲ್ಲಿ ನಾಲ್ಕು ನಿಮಿಷ ಹೋಯಿತು, ಈಗ ಎಂಬತ್ತೊಂದು ಉಳಿದಿದೆ. ಪೂರ್ತಿ ಸವೆದ ದಿನ ತಂಗಿಯೂ ಅದರ ಜೊತೆ ಹೋಗುತ್ತಾಳೆ ಎಂಬುದು ಅವರಿಗೆ ಗೊತ್ತು. “ಇನ್ನ ಹತ್ತ ನಿಮಿಷ,” ಎಂದಷ್ಟೇ ಕೂಗುತ್ತಾರೆ.

ಒಳಗೆ ಇಬ್ಬರೂ ಎರಡು ಅಂಚಿನಿಂದ ನಡುವಿಗೆ ಬರುತ್ತಿದ್ದಾರೆ.

“ನಿನ್ನ ಕೈ ಇವತ್ತ ಭಾಳ ಓಡಾಕತ್ತೇತಲ್ಲ ವೈನಿ. ಯಾರ ಕಲಿಸಿದ್ರು?”

“ನೀನ ಕಲಿಸೀಯಲ್ಲ ಬೇ. ಮರತಿ ಏನ?”

ಶಿವವ್ವ ಮತ್ತೆ ನಗುತ್ತಾಳೆ. ನಗುತ್ತಿರುವಾಗಲೇ ಕಂದೀಲು ಹೋಗುತ್ತದೆ. ಖಾಲಿ ಕೋಣೆಯ ನಡುವೆ ಅನ್ನವ್ವ ಬೆರಳು ಮಡಚಿಕೊಂಡು ಕೂತಿದ್ದಾರೆ.

“ಐವತ್ತೆಂಟು,” ಎನ್ನುತ್ತಾರೆ ಗಂಡನಿಗೆ. ಇದುವರೆಗೆ ಇಷ್ಟು ಆದದ್ದಿಲ್ಲ. ಉಳಿದದ್ದು ಎರಡು ಕಟ್ಟು, ಎಂಬತ್ತು ಎಳೆ.

ಗುರಪ್ಪ ಚಹಾ ತಂದು ಕೊಡುತ್ತಾರೆ. ಅರವತ್ತು ಮುಗಿದು ಶಿವವ್ವ ಹೊರಗೆ ಬಂದ ದಿನ ಮೊದಲು ಏನು ಮಾಡುತ್ತೀರಿ ಎಂದು ಕೇಳಿದರೆ, ಅನ್ನವ್ವ ಬಟ್ಟಲನ್ನು ಕೆಳಗಿಡುತ್ತಾರೆ.

“ಎದುರಿಗೆ ಕುಂದರಿಸಿಕೊಂಡು ಎಲ್ಲಾ ಖರೇ ಹೇಳತೇನ್ರಿ. ಅಳತಾಳ. ಅಳಲಿ. ಹೊರಗ ಕುಂತ ಅತ್ತರ ಎಳಿ ಕಡಿಮಿ ಬೀಳೂದಿಲ್ಲ.”