ಸೈರನ್ ಕೂಗಿದಾಗ ನಿಂತವರು

ನಮ್ಮ ಗಣಿ ಕಾಲೊನಿಯ ಫುಟ್‌ಬಾಲ್ ಕ್ಲಬ್ಬಿನ ಚರಿತ್ರೆಯನ್ನು ಗಂಡಸರು ಬರೆದರೆ ಗೋಲುಗಳಿಂದ ಶುರು ಮಾಡುತ್ತಾರೆ. ನಾನು ಬಟ್ಟೆಯಿಂದ ಶುರು ಮಾಡುತ್ತೇನೆ, ಯಾಕೆಂದರೆ ಒಗೆದವಳು ನಾನು. ಮದುವೆಯಾಗಿ ಕಂಪ್ಲಿಯಿಂದ ಸಂಡೂರಿನ ಗುಡ್ಡದ ಬುಡಕ್ಕೆ ಬಂದಾಗ ನನ್ನ ಗಂಡ ಆ ಕ್ಲಬ್ಬಿನ ಕ್ಯಾಪ್ಟನ್ ಆಗಿದ್ದರು. ಬೆಳಿಗ್ಗೆ ಗಣಿಯಲ್ಲಿ ಡಂಪರ್ ಓಡಿಸುವುದು, ಸಂಜೆ ಚೆಂಡಿನ ಹಿಂದೆ ಓಡುವುದು. ಆಗ ತಂಡದ ಜೆರ್ಸಿ ಬಿಳಿಯದು. ಅದನ್ನು ಆರಿಸಿದ ಪುಣ್ಯಾತ್ಮ ಜನ್ಮದಲ್ಲಿ ಒಂದು ಅಂಗಿ ಒಗೆದವನಲ್ಲ. ಅದಿರಿನ ಧೂಳು ಕುಡಿದ ಬಟ್ಟೆ ಎಷ್ಟು ಕುಕ್ಕಿದರೂ ಬೆಳ್ಳಗಾಗುವುದಿಲ್ಲ. ಮರುವರ್ಷ ನಾನೇ ಹಟ ಹಿಡಿದು ಕೆಂಪು ಜೆರ್ಸಿ ತರಿಸಿದೆ. ಕ್ಲಬ್ಬಿಗೆ ನನ್ನ ಕೊಡುಗೆ ಅದೊಂದೇ, ಆದರೆ ಸಣ್ಣದೇನಲ್ಲ.

ಮೈದಾನವನ್ನು ಡೋಜರ್ ಓಡಿಸುವವನೊಬ್ಬ ಊಟದ ಬಿಡುವಿನಲ್ಲಿ ಇಷ್ಟಿಷ್ಟೇ ಸಮ ಮಾಡಿಕೊಟ್ಟಿದ್ದನಂತೆ. ಗುಜರಿಗೆ ಹೋಗಬೇಕಿದ್ದ ನೀರಿನ ಪೈಪುಗಳೇ ಗೋಲಿನ ಕಂಬಗಳು. ಆಡುವವರು ಬಂಡ್ರಿಯವರು, ದರೋಜಿ ಕಡೆಯವರು, ಗಡಿ ದಾಟಿ ಬಂದ ತೆಲುಗಿನವರು. ಜಗಳಕ್ಕೆ ಬಿದ್ದರೆ ಯಾರು ಯಾವ ಭಾಷೆಯವರೆಂದು ಗೊತ್ತಾಗುತ್ತಿರಲಿಲ್ಲ, ಬೈಗುಳಗಳು ಅಷ್ಟು ಬೆರೆತಿದ್ದವು.

ಮೈದಾನದ ಮೇಲಿನ ಗುಡ್ಡದಲ್ಲಿ ಸಂಜೆ ಹೊತ್ತು ಬಂಡೆ ಸಿಡಿಸುತ್ತಿದ್ದರು. ಮೊದಲು ಸೈರನ್ ಕೂಗುತ್ತಿತ್ತು. ಕೆಂಪು ಬಾವುಟ ಹಿಡಿದವರು ದಾರಿಗೆ ಅಡ್ಡ ನಿಂತು ಯಾರನ್ನೂ ಆಚೆ ಬಿಡುತ್ತಿರಲಿಲ್ಲ. ನಾನು ಬಂದ ಎರಡನೆಯ ವರ್ಷ, ಒಂದು ಸಂಜೆ, ಜೋರಾಗಿ ಒದ್ದ ಚೆಂಡು ಆ ಬಾವುಟದ ಆಚೆ ಹೋಗಿ ಬಿತ್ತು. ಸೈರನ್ ಕೂಗುತ್ತಲೇ ಇತ್ತು. ತಂಡದಲ್ಲೇ ಚುರುಕಾದ ಹುಡುಗ, ಒಂದೇ ಓಟಕ್ಕೆ ತಂದುಬಿಡುತ್ತೇನೆ ಅಂದುಕೊಂಡು ಬಾವುಟದವನ ಕೈ ತಪ್ಪಿಸಿ ನುಗ್ಗಿದ. ಸಿಡಿದು ಬಂದ ಕಲ್ಲು ತಲೆಗೆ ಬಡಿಯಿತು. ಜೀಪಿನಲ್ಲಿ ಹಾಕಿಕೊಂಡು ಸಂಡೂರು ಮುಟ್ಟುವಷ್ಟರಲ್ಲಿ ಉಸಿರು ಹೋಗಿತ್ತು.

ಚೆಂಡು ಒದ್ದವರು ನನ್ನ ಗಂಡ.

ಅದನ್ನು ಕಂಡವರು ಯಾರೂ ಬಾಯಿ ಬಿಡಲಿಲ್ಲ. ಆಟದಲ್ಲಿ ಚೆಂಡು ಯಾರ ಕಾಲಿನಿಂದಾದರೂ ಹೋಗಬೇಕಲ್ಲ, ಇದರಲ್ಲಿ ತಪ್ಪೇನು ಎಂದು ನಾನು ಎಷ್ಟೋ ಸಲ ಹೇಳಿದೆ. ಅವರು ಕೇಳಿಸಿಕೊಂಡರು, ಒಪ್ಪಲಿಲ್ಲ. ಸತ್ತವನ ತಾಯಿಗೆ ಅವನೊಬ್ಬನೇ ಮಗ. ಆಕೆ ಮೈದಾನದ ಅಂಚಿನಲ್ಲಿ ಮಿರ್ಚಿ ಬಜ್ಜಿ, ಮಂಡಕ್ಕಿ ಒಗ್ಗರಣೆ ಮಾಡಿ ಮಾರುತ್ತಿದ್ದಳು. ಕಾಲೊನಿಗೆಲ್ಲ ದೊಡ್ಡವ್ವ. ಆ ಸಂಜೆ ಬಾಣಲೆಯ ಮುಂದೆ ಇದ್ದವಳು ಏನು ನೋಡಿದಳೋ, ಏನು ನೋಡಲಿಲ್ಲವೋ, ಕೇಳುವ ಎದೆ ಯಾರಿಗೂ ಇರಲಿಲ್ಲ. ಆಕೆಗೆ ಹೇಳಿಬಿಡಬೇಕು ಎಂದು ನನ್ನ ಗಂಡ ಅಂಗಡಿಯವರೆಗೆ ಹೋಗುವುದು, ಏನೋ ಕಟ್ಟಿಸಿಕೊಂಡು ಬರುವುದು. ನಮ್ಮ ಮನೆಯಲ್ಲಿ ಆ ವರ್ಷ ತಿಂದಷ್ಟು ಮಿರ್ಚಿಯನ್ನು ಮತ್ತೆಂದೂ ತಿಂದಿಲ್ಲ.

ಕ್ಲಬ್ಬು ಅಲ್ಲಿಗೆ ಮುಗಿಯಿತೆಂದೇ ಎಲ್ಲರೂ ತಿಳಿದಿದ್ದರು. ಕೆಲವು ತಿಂಗಳ ಮೇಲೆ ದೊಡ್ಡವ್ವನೇ ನನ್ನ ಗಂಡನನ್ನು ಕರೆಸಿದಳು. ಆಟವಿಲ್ಲದೆ ಹುಡುಗರು ಸಂಜೆಯಾದರೆ ಸಾರಾಯಿ ಅಂಗಡಿ ಹಿಡಿದಿದ್ದಾರೆ, ಮತ್ತೆ ಆಡಿಸು ಎಂದಳು. ಒಂದೇ ಒಂದು ಮಾತು ಕೇಳಿದಳು.

"ಸೈರನ್ ಕೂಗಿದ ಕೂಡ್ಲೆ ನಿಂದ್ರಬೇಕು. ಚೆಂಡು ಎಲ್ಲ್ಯಾರ ಇರ್ಲಿ."

ಅವರು ಆಕೆಯ ಕೈಹಿಡಿದು ಮಾತು ಕೊಟ್ಟರು. ಆವತ್ತಿನಿಂದ ನಮ್ಮ ಕ್ಲಬ್ಬಿಗೆ ಸೇರುವ ಹುಡುಗರು ಒದೆಯುವುದಕ್ಕೂ ಮೊದಲು ಕಲಿತದ್ದು ನಿಲ್ಲುವುದನ್ನು. ಎದುರಿಗೆ ಗೋಲು ಬಾಯಿ ತೆರೆದಿದ್ದರೂ ಸರಿ, ಸೈರನ್ ಕೂಗಿತೆಂದರೆ ಹನ್ನೊಂದು ಜನವೂ ನಿಲ್ಲುತ್ತಿದ್ದರು. ಆಮೇಲೆ ಗಣಿಯ ಸ್ಟೋರಿನ ಗೋಡೆಯ ಹಿಂದೆ ಹೋಗಿ ಕುಳಿತು, ಬಂಡೆ ಸಿಡಿದ ಮೇಲೆ ಬಂದು ಆಟ ಮುಂದುವರಿಸುವುದು. ಹೊರಗಿನ ತಂಡದವರು ನಗುತ್ತಿದ್ದರು. ಮನೆಯಲ್ಲಿ ನನ್ನ ಮಾತಿಗೆ ಒಂದು ಗಳಿಗೆ ನಿಲ್ಲದ ಮನುಷ್ಯ ಅದಕ್ಕೆ ಹೇಗೆ ನಿಲ್ಲುತ್ತಾರೆ ಎಂದು ನಾನೂ ಅಣಕಿಸುತ್ತಿದ್ದೆ. ಆ ಒಂದು ಮಾತಿಗೆ ಮಾತ್ರ ಅವರು ನಗಲಿಲ್ಲ.

ವರ್ಷಗಳು ಹೋದವು. ನಂತರ ಗಣಿಗೆ ಬೀಗ ಬಿತ್ತು. ಗುಡ್ಡದ ಸೈರನ್ ಸುಮ್ಮನಾಯಿತು. ಗಂಟುಮೂಟೆ ಕಟ್ಟಿ ಒಂದೊಂದೇ ಸಂಸಾರ ಹೊರಟಿತು. ನಮ್ಮ ಕ್ಲಬ್ಬು ಅಲ್ಲಿಯವರೆಗೆ ಒಂದೂ ಕಪ್ ಕಂಡಿರಲಿಲ್ಲ. ಕಾಲೊನಿ ಬರಿದಾಗುವ ಮೊದಲು ಒಂದಾದರೂ ಗೆದ್ದು ತಂದು ದೊಡ್ಡವ್ವನ ಅಂಗಡಿಯಲ್ಲಿ ಇಡಬೇಕು ಅಂತ ನನ್ನ ಗಂಡನಿಗೆ ಹುಚ್ಚು ಹಿಡಿಯಿತು. ಕೈಯಲ್ಲಿ ಕಪ್ ಇದ್ದರೆ ಬಾಯಿಯೂ ಬಂದೀತು, ಚೆಂಡು ಒದ್ದವನು ನಾನು ಅನ್ನುವ ಮಾತನ್ನು ಆವತ್ತು ಹೇಳಿಬಿಡುತ್ತೇನೆ ಎಂದರು. ಇದ್ದವರನ್ನೇ ಕೂಡಿಸಿಕೊಂಡು ಹೊಸಪೇಟೆಯ ಟೂರ್ನಿಗೆ ಹೋದರು. ಯಾರ ಪುಣ್ಯವೋ, ಫೈನಲ್ ಮುಟ್ಟಿದರು.

ಟೆಂಪೋದಲ್ಲಿ ನಾನೂ ಹೋಗಿದ್ದೆ. ಆಟ ಸಮಸಮ. ಮುಗಿಯುವುದಕ್ಕೆ ಸ್ವಲ್ಪವೇ ಹೊತ್ತು ಇತ್ತು, ಚೆಂಡು ನಮ್ಮವರ ಕಾಲಲ್ಲೇ ಇತ್ತು. ಅಷ್ಟರಲ್ಲಿ ಪಕ್ಕದ ಕಾರ್ಖಾನೆಯಲ್ಲಿ ಪಾಳಿ ಬಿಡುವ ಸೈರನ್ ಕೂಗಿತು. ಹಿಂದೆ ಅಲ್ಲಿ ಆಡಿದ್ದೆಲ್ಲ ಭಾನುವಾರ, ಕಾರ್ಖಾನೆಗೆ ರಜೆ. ಆ ಸದ್ದನ್ನು ನಮ್ಮವರು ಕೇಳಿರಲೇ ಇಲ್ಲ. ಹನ್ನೊಂದು ಜನವೂ ನಿಂತುಬಿಟ್ಟರು. ಎದುರಿನ ತಂಡದ ಹುಡುಗ ಒಂದು ಕ್ಷಣ ಕಕ್ಕಾಬಿಕ್ಕಿಯಾಗಿ ಸುತ್ತ ನೋಡಿದ, ಆಮೇಲೆ ಚೆಂಡು ತೆಗೆದುಕೊಂಡು ಹೋಗಿ ಗೋಲಿನೊಳಗೆ ತಳ್ಳಿದ. ನೋಡುವವರು ಹೊಟ್ಟೆ ಹಿಡಿದುಕೊಂಡು ನಕ್ಕರು. ನಾನು ಅಳುತ್ತಿದ್ದೆ. ರೆಫರಿ ಸೀಟಿ ಊದಿರಲಿಲ್ಲ, ಗೋಲು ಗೋಲೇ. ನನ್ನ ಗಂಡ ವಾದಕ್ಕೆ ಹೋಗಲಿಲ್ಲ.

ವಾಪಸು ಬರುವಾಗ ಹುಡುಗರಿಗೆ ಸಿಟ್ಟು ತಡೆಯಲಿಲ್ಲ. ಮುಚ್ಚಿದ ಗಣಿಯ ಸೈರನ್‌ಗೆ ಇನ್ನೂ ಯಾಕೆ ನಿಲ್ಲಬೇಕು ಎಂದು ಒಬ್ಬ ಕೇಳಿಯೇಬಿಟ್ಟ.

ಮರುದಿನ ಬೆಳಿಗ್ಗೆ ನನ್ನ ಗಂಡ ನನ್ನನ್ನೂ ಕರೆದುಕೊಂಡು ಬರಿಗೈಯಲ್ಲಿ ಅಂಗಡಿಗೆ ಹೋದರು. ಬೇರೆಯವರ ಬಾಯಿಂದ ಆಕೆಗೆ ಗೊತ್ತಾಗಬಾರದು ಎಂದು ಹೊಸಪೇಟೆಯಲ್ಲಿ ನಡೆದದ್ದನ್ನೆಲ್ಲ ಹೇಳಿದರು. ದೊಡ್ಡವ್ವ ಹಿಟ್ಟು ಕಲಸುತ್ತಲೇ ಕೇಳಿಸಿಕೊಂಡಳು.

"ಎಲ್ರೂ ನಿಂತ್ರೇನು?"

"ನಿಂತ್ರು."

"ನೀನೂ?"

"ನಾನೂ ನಿಂತೆ, ದೊಡ್ಡವ್ವ."

ಆಕೆ ಕೈ ತೊಳೆದು ಸೆರಗಿಗೆ ಒರೆಸಿಕೊಂಡಳು. ನನ್ನ ಗಂಡ ಇನ್ನೇನೋ ಹೇಳಲು ಬಾಯಿ ತೆರೆದರು. ಅದೇ ಮಾತು ಎಂದು ನನಗೆ ಗೊತ್ತಾಯಿತು. ಆಕೆ ಹೇಳಗೊಡಲಿಲ್ಲ.

"ಚೆಂಡು ಒದ್ದಾಂವ ನೀನು ಅಂತ ನನಗ ಅವತ್ತ ಗೊತ್ತಿತ್ತಪ್ಪ. ಅದಕ್ಕ ಬ್ಯಾರೇದವರ್ನ ಕೇಳಲಿಲ್ಲ, ನಿನ್ನ ಕಡೀಂದ ಮಾತು ತಗೊಂಡೆ. ಉಳಿಸಿದಿ. ಗಣಿ ಬಂದ್ ಆತು, ಇನ್ನ ನಿಂದ್ರಬ್ಯಾಡ್ರಿ."

ಅವರು ಅಲ್ಲೇ, ಅಂಗಡಿಯ ನೆಲದ ಮೇಲೆ, ಮುಖ ಮುಚ್ಚಿಕೊಂಡು ಕುಳಿತುಬಿಟ್ಟರು. ನಾನು ಎಬ್ಬಿಸಲು ಹೋದೆ. ದೊಡ್ಡವ್ವ ಬೇಡವೆಂದು ಕೈ ಮಾಡಿದಳು. ಮಿರ್ಚಿ ಕೇಳಿಕೊಂಡು ಬಂದವರನ್ನೆಲ್ಲ, ಈಗಿಲ್ಲ, ಆಮೇಲೆ ಬರ್ರಿ ಎಂದು ಬಾಗಿಲಲ್ಲೇ ನಿಂತು ವಾಪಸು ಕಳಿಸಿದಳು.