ಕಾರ್ಲ್ ಮಾವಂದಿರು

ಈ ದೇಶದಲ್ಲಿ ಒಬ್ಬರ ಮನೆಗೆ ಒಂದು ಲೋಟ ಕಾಫಿ ಕುಡಿಯಲು ಹೋಗಬೇಕಾದರೂ ಎರಡೂ ಕಡೆಯವರು ದಿನಚರಿ ತೆರೆದು, ಮೂರು ವಾರದಾಚೆಯ ಯಾವುದೋ ಗುರುವಾರವನ್ನು ಮದುವೆಯ ಮುಹೂರ್ತದಂತೆ ನಿಶ್ಚಯಿಸಬೇಕು. ನೆದರ್ಲೆಂಡ್ಸ್‌ಗೆ ಬಂದ ಹೊಸತರಲ್ಲಿ ನಮ್ಮವರೆಲ್ಲ ಈ ಪದ್ಧತಿಯ ಬಗ್ಗೆ ಗೊಣಗುತ್ತಿದ್ದರೆ ನಾನೊಬ್ಬ ಮಾತ್ರ ತವರು ಸೇರಿದ ಮಗಳಂತೆ ಹಿಗ್ಗಿದ್ದೆ. ಹಾಲಿನವನು ಬಂದ ಗಂಟೆಯನ್ನೂ, ನೆಂಟರು ತಿಂದ ಹೋಳಿಗೆಯನ್ನೂ ತಾರೀಖು ಸಹಿತ ಬರೆದಿಡುತ್ತಿದ್ದ ನನ್ನನ್ನು ಮೈಸೂರಿನಲ್ಲಿ ಅಮ್ಮ ‘ಶಾನುಭೋಗರೇ’ ಎಂದು ಅಣಕಿಸುತ್ತಿದ್ದರು. ಇಲ್ಲಿ ನೋಡಿದರೆ ಇಡೀ ದೇಶವೇ ಶಾನುಭೋಗರ ಅಗ್ರಹಾರ!

ಈ ಅಗ್ರಹಾರದಲ್ಲಿ ಹೇಳದೆ ಕೇಳದೆ ಬಾಗಿಲು ತಟ್ಟುವವರು ಒಬ್ಬರೇ, ವಾಗೆನಿಂಗನ್‌ನಲ್ಲಿ ನಮ್ಮ ಪಕ್ಕದ ಮನೆಯ ಇಂಗ್ರಿಡ್. ಹುಟ್ಟಿದ್ದು ನಾರ್ವೆಯಲ್ಲಿ, ಇಲ್ಲಿನ ಕೃಷಿ ವಿಜ್ಞಾನಿಯೊಬ್ಬರನ್ನು ಮದುವೆಯಾಗಿ ಬಂದವರು, ಗಂಡ ತೀರಿಕೊಂಡ ಮೇಲೂ ಇಲ್ಲಿಯೇ ಉಳಿದವರು. ತೊಂಬತ್ತರ ಹತ್ತಿರದ ವಯಸ್ಸು. ನನ್ನೊಡನೆ ಮನೆ ಹಂಚಿಕೊಂಡಿರುವ ವಿಜಯಪುರದ ಬಸವರಾಜ ಮಣ್ಣಿನ ಬಗ್ಗೆ ಸಂಶೋಧನೆ ಮಾಡುತ್ತಾನೆ. ಇಂಗ್ರಿಡ್‌ರ ಹೂಕುಂಡಗಳಿಗೆ ಅವನೇ ವೈದ್ಯ. ಅವರನ್ನು ‘ಅಜ್ಜಿ’ ಎಂದೇ ಕರೆಯುತ್ತಾನೆ, ಅವರೂ ಓಗೊಡುತ್ತಾರೆ.

ಕಳೆದ ಏಪ್ರಿಲ್‌ನಲ್ಲಿ ಇಂಗ್ರಿಡ್ ಬಂದದ್ದು ಹೂವಿನ ವಿಷಯಕ್ಕಲ್ಲ. ಮೇ ನಾಲ್ಕರ ಸಂಜೆ ಇಡೀ ದೇಶ ಯುದ್ಧದಲ್ಲಿ ಮಡಿದವರಿಗಾಗಿ ಎರಡು ನಿಮಿಷ ಮೌನವಾಗಿ ನಿಲ್ಲುತ್ತದೆ. ಅದಕ್ಕೆ ಮೊದಲು ನಮ್ಮ ಬಡಾವಣೆಯ ಸಭಾಭವನದಲ್ಲಿ ತಮ್ಮ ತಂದೆಯ ಕುರಿತು ಮಾತನಾಡಲು ಅವರನ್ನು ಕರೆದಿದ್ದರಂತೆ. “ತಾರೀಖುಗಳೆಲ್ಲ ನಿನ್ನ ಕೈಲಿ ಚೆನ್ನಾಗಿ ಕೂತ್ಕೊಳ್ತವೆ. ಅಪ್ಪನ ಬದುಕನ್ನೂ ಒಂದು ಸಾಲಿಗೆ ತಂದುಕೊಡು,” ಎಂದರು. ಆಮೇಲೆ ಮೆಲ್ಲಗೆ, “ಅವತ್ತು ಯಾನ್ ಬರ್ತಾನೆ,” ಎಂದು ಸೇರಿಸಿದರು.

ಯಾನ್ ಅವರ ಒಬ್ಬನೇ ಮಗ, ಜೂಟರ್‌ಮೀರ್‌ನಲ್ಲಿರುವ ಲೆಕ್ಕಪರಿಶೋಧಕ. ಅಜ್ಜನ ಬಗ್ಗೆ ಅವನಿಗೆ ಗೊತ್ತಿದ್ದ ಸಂಗತಿ ಒಂದೇ. ಇಂಗ್ರಿಡ್‌ರ ತಂದೆ ನಾರ್ವೆಯ ಪುಟ್ಟ ಬಂದರಿನಲ್ಲಿ ವಕೀಲರಾಗಿದ್ದರು. ಎರಡನೇ ಮಹಾಯುದ್ಧ ಮುಗಿದು, ನಾರ್ವೆಯನ್ನು ಆಕ್ರಮಿಸಿದ್ದ ಜರ್ಮನರೊಂದಿಗೆ ಕೈಜೋಡಿಸಿದ್ದವರ ವಿಚಾರಣೆ ನಡೆದಾಗ, ಅಂಥ ಒಬ್ಬ ಗುಮಾಸ್ತನ ಪರವಾಗಿ ನಿಲ್ಲಲು ಊರಿನ ಯಾವ ವಕೀಲನೂ ಒಪ್ಪಲಿಲ್ಲ, ಇವರು ಒಪ್ಪಿದರು. ಆರೋಪಿ ಎಷ್ಟೇ ನೀಚನಾಗಿರಲಿ, ವಕೀಲನಿಲ್ಲದ ನ್ಯಾಯಾಲಯ ನ್ಯಾಯಾಲಯವೇ ಅಲ್ಲ ಎಂಬುದು ಅವರ ವಾದ. ಊರು ಮಾತ್ರ ಇವರೂ ಅದೇ ಕಡೆಯವರಿರಬೇಕು ಎಂದು ತೀರ್ಮಾನಿಸಿತು. ಆ ಅಪವಾದ ಸೋದರ ಸಂಬಂಧಿಗಳ ಬಾಯಿಂದ ಯಾನ್‌ನ ಕಿವಿಗೂ ತಲುಪಿತ್ತು. ‘ನಿನ್ನಜ್ಜ ಜರ್ಮನರ ವಿರುದ್ಧದ ಗುಪ್ತ ಪ್ರತಿರೋಧದ ಗುಂಪಿನಲ್ಲಿದ್ದರು ಕಣೋ’ ಎಂದು ತಾಯಿ ಹೇಳಿದಾಗಲೆಲ್ಲ ಅವನು, ಯುದ್ಧವಾದ ಮೇಲೆ ಎಲ್ಲರ ಅಜ್ಜಂದಿರೂ ಹಾಗೆಯೇ ಎಂದು ನಕ್ಕುಬಿಡುತ್ತಿದ್ದನಂತೆ.

ಸಾಫ್ಟ್‌ವೇರ್ ಪರೀಕ್ಷಿಸುವುದು ನನ್ನ ವೃತ್ತಿ. ಯುಟ್ರೆಕ್ಟ್‌ನ ಕಚೇರಿಯಲ್ಲಿ ದಿನವಿಡೀ, ಸಾಬೀತಾಗುವವರೆಗೆ ಯಾವುದನ್ನೂ ನಂಬದಿರುವುದಕ್ಕೇ ಸಂಬಳ ಪಡೆಯುವ ಪ್ರಾಣಿ ನಾನು. ಅದೇ ಶ್ರದ್ಧೆಯಿಂದ ಆ ವಕೀಲ ಮಹನೀಯರ ಜೀವನವನ್ನು ಕೋಷ್ಟಕವಾಗಿಸಿ, ಖಚಿತವಾದದ್ದಕ್ಕೆ ಹಸಿರು, ಆಗದ್ದಕ್ಕೆ ಕೆಂಪು ಬಳಿದೆ. ಜನನ, ವ್ಯಾಸಂಗ, ವಿವಾಹ ಎಲ್ಲ ಹುಲ್ಲುಗಾವಲಿನಂತೆ ಹಸಿರಾದವು. ಜರ್ಮನರ ಹೊಸ ಆಳ್ವಿಕೆಯ ಮುಂದೆ ವಾದಿಸಲೊಲ್ಲದೆ ಅವರು ವಕೀಲರ ಕರಿಯ ನಿಲುವಂಗಿಯನ್ನು ಬೀರುವಿಗೆ ಸೇರಿಸಿದಲ್ಲಿಂದ ಕೆಂಪು ಶುರುವಾಗಿ, ಯುದ್ಧದ ವರ್ಷಗಳಷ್ಟೂ ಕೆಂಪಾದವು. ಮನೆಗೆ ಯಾರು ಬಂದರು? ಎಲ್ಲಿಗೆ ಹೋದರು? ನೋಡಿದ ಸಾಕ್ಷಿ ಯಾರು? ನನ್ನ ಪ್ರತಿ ಪ್ರಶ್ನೆಗೂ ಇಂಗ್ರಿಡ್ ಗೊತ್ತಿಲ್ಲವೆಂದು ತಲೆಯಾಡಿಸಿದರು. ಕೊನೆಗೆ ಆ ಹಾಳೆಯನ್ನು ಮುಂದೆ ಹಿಡಿದು, “ಈ ಕೆಂಪೆಲ್ಲ ಸುಳ್ಳು ಅಂತಲಾ?” ಎಂದು ಕೇಳಿ, ನನ್ನ ಉತ್ತರಕ್ಕೂ ಕಾಯದೆ ಮನೆಗೆ ಹೋದರು.

ಅಡುಗೆಮನೆಯಲ್ಲಿ ರೊಟ್ಟಿ ತಟ್ಟುತ್ತಿದ್ದ ಬಸವರಾಜ ಎಲ್ಲವನ್ನೂ ಕೇಳಿಸಿಕೊಂಡಿದ್ದ. “ಏನಲೇ ಮೈಸೂರ್ ಸಾಹೇಬ, ಅಜ್ಜೀನ ಕಟಕಟೇದಾಗ ನಿಂದ್ರಿಸಿದಿಯಲ್ಲೋ! ಆಗ ಆಕೀಗೆ ಎಷ್ಟು ವಯಸ್ಸು, ಐದೋ ಆರೋ. ಆ ವಯಸ್ಸಿನ್ಯಾಗ ನಿನಗೇನು ಗೊತ್ತಿತ್ತು ಹೇಳು? ಕೂಸು ಏನು ನೋಡತದೋ ಅದನ್ನ ಕೇಳಬೇಕಪಾ.” ಅಷ್ಟು ಹೇಳಿ ಬಿಸಿ ರೊಟ್ಟಿಗಳನ್ನು ಬಟ್ಟೆಯಲ್ಲಿ ಸುತ್ತಿಕೊಂಡು, ನನ್ನ ಅಂಗಿಯ ತೋಳು ಹಿಡಿದು ಪಕ್ಕದ ಮನೆಗೆ ಎಳೆದೊಯ್ದ. ರೊಟ್ಟಿ ಮುರಿಯುತ್ತ ಅವನು ಕೇಳಿದ್ದು ಒಂದೇ ಪ್ರಶ್ನೆ: “ಅಜ್ಜಿ, ಆಗ ನಿಮ್ಮನಿಗೆ ಮಂದಿ ಬರ್ತಿದ್ರೇನು?”

“ಕಾರ್ಲ್ ಮಾವ ಬರ್ತಿದ್ದ,” ಎಂದರು ಇಂಗ್ರಿಡ್. ರೊಟ್ಟಿಯ ಇನ್ನೊಂದು ಚೂರು ಮುರಿದು ಮುಗುಳ್ನಕ್ಕು, “ತುಂಬಾ ಜನ ಕಾರ್ಲ್ ಮಾವಂದಿರು,” ಎಂದರು.

ನಮ್ಮಲ್ಲಿ ಮನೆಗೆ ಬಂದವರನ್ನೆಲ್ಲ ಮಕ್ಕಳು ಮಾವ ಎನ್ನುತ್ತವೆ, ಅದು ಸಂಬಂಧ ಬೆಳೆಸುವ ಉಪಾಯ. ಆ ವಕೀಲರ ಮನೆಯಲ್ಲಿ ಅದು ಸಂಬಂಧವನ್ನು ಅಳಿಸುವ ಉಪಾಯವಾಗಿತ್ತು. ಜರ್ಮನರಿಂದ ತಪ್ಪಿಸಿಕೊಂಡು ಕತ್ತಲಾದ ಮೇಲೆ ಬಂದು, ಒಂದು ದಿನ ತಂಗಿ, ಕಾಡಿನ ದಾರಿಯಲ್ಲಿ ಯುದ್ಧಕ್ಕಿಳಿಯದ ಸ್ವೀಡನ್ನಿನ ಗಡಿಗೆ ಸಾಗುವವರನ್ನೆಲ್ಲ ತಂದೆ ಮಕ್ಕಳಿಗೆ ಒಂದೇ ಹೆಸರಿನಿಂದ ಪರಿಚಯಿಸುತ್ತಿದ್ದರು. ಉದ್ದನೆಯ ಕಾರ್ಲ್ ಮಾವ, ಕೆಂಪು ಗಡ್ಡದ ಕಾರ್ಲ್ ಮಾವ, ಕೆಮ್ಮುವ ಕಾರ್ಲ್ ಮಾವ. ಯಾರಾದರೂ ಮಕ್ಕಳನ್ನು ತಡೆದು ಕೇಳಿದರೆ, ಬಂದಿದ್ದವನು ಕಾರ್ಲ್ ಮಾವ. ಮಕ್ಕಳ ಮಟ್ಟಿಗೆ ಅದು ಸುಳ್ಳೂ ಅಲ್ಲ.

ಮೇ ನಾಲ್ಕರಂದು ಇಂಗ್ರಿಡ್ ಸಭಾಭವನದ ಮೇಜಿನ ಹಿಂದೆ ಕುಳಿತು, ತಾರೀಖುಗಳ ತಂಟೆಗೆ ಹೋಗದೆ, ಮಾವಂದಿರ ಕಥೆಯನ್ನಷ್ಟೇ ಹೇಳಿದರು. ಗುಮಾಸ್ತನ ಮೊಕದ್ದಮೆಯನ್ನೂ ಮುಚ್ಚಿಡಲಿಲ್ಲ. ಊರು ಮುಖ ತಿರುಗಿಸಿದಾಗಲೂ ತಂದೆ ತಮ್ಮ ಪರವಾಗಿ ಒಂದು ಮಾತೂ ಆಡಲಿಲ್ಲ ಎಂದರು. ಕೊನೆಯ ಸಾಲಿನಿಂದ ಯಾನ್ ಕೈ ಎತ್ತಿದ. ಅರವತ್ತು ದಾಟಿದ ಆತನ ದನಿಯಲ್ಲಿ ನನ್ನದೇ ಕೋಷ್ಟಕದ ಕೆಂಪು ಕೇಳಿಸಿ ನಾನು ಕುರ್ಚಿಯಲ್ಲಿ ಕುಗ್ಗಿದೆ.

“ಅಮ್ಮ, ಅವರ ನಿಜವಾದ ಹೆಸರುಗಳು?”

“ಗೊತ್ತಿಲ್ಲ.”

“ಒಬ್ಬರದೂ?”

“ಒಬ್ಬರದೂ ಇಲ್ಲ. ನನಗೆ ಗೊತ್ತಾಗದ ಹಾಗೆ ನೋಡ್ಕೊಂಡಿದ್ದೇ ನಿನ್ನ ಅಜ್ಜ ಮಾಡಿದ ಕೆಲಸ ಕಣೋ.”

ಸಾಕ್ಷಿಯಿಲ್ಲದ್ದು ನಡೆದಿಲ್ಲ ಎಂಬ ನನ್ನ ವೃತ್ತಿಧರ್ಮದ ಬಗ್ಗೆ ನನಗೆ ಮೊದಲ ಬಾರಿಗೆ ಅನುಮಾನ ಬಂತು. ಕೆಲವರ ಬದುಕಿನಲ್ಲಿ ಸಾಕ್ಷಿ ಉಳಿಯದಂತೆ ನೋಡಿಕೊಳ್ಳುವುದೇ ಪೂರ್ಣಾವಧಿ ಉದ್ಯೋಗವಾಗಿತ್ತು. ಅದನ್ನು ಇಂಗ್ರಿಡ್‌ರ ತಂದೆ ಎಷ್ಟು ಅಚ್ಚುಕಟ್ಟಾಗಿ ಮಾಡಿದ್ದರೆಂದರೆ ಸ್ವಂತ ಮೊಮ್ಮಗನೂ ನಂಬಲಿಲ್ಲ.

ಎಂಟು ಗಂಟೆಗೆ ಎಲ್ಲರೂ ಚೌಕದಲ್ಲಿ ನಿಂತೆವು. ಸೈಕಲ್ಲುಗಳು ನಿಂತವು, ದೂರದಲ್ಲಿ ಒಂದು ಬಸ್ಸೂ ನಿಂತಿತು. ಯಾನ್ ತಾಯಿಯ ಪಕ್ಕದಲ್ಲಿದ್ದರೂ ಒಂದು ಮೊಳ ದೂರದಲ್ಲಿದ್ದ. ಮೌನ ಮುಗಿದು ಜನ ಕದಲತೊಡಗಿದಾಗ ಅವನು ತಾಯಿಯ ಕಡೆಗೆ ಬಾಗಿದ. ಇನ್ನೂ ಏನು ಪುರಾವೆ ಕೇಳುತ್ತಾನೋ ಎಂದು ನಾನು ಕಿವಿ ನಿಮಿರಿಸಿದೆ.

“ಆ ಕೆಂಪು ಗಡ್ಡದವನು,” ಎಂದ ಯಾನ್, “ಅವನು ಊಟಕ್ಕೆ ಏನು ತಿಂದ?”

“ಆಲೂಗಡ್ಡೆ. ಸಿಪ್ಪೆ ಸಮೇತ! ನಮ್ಮಮ್ಮನಿಗೆ ಎಷ್ಟು ಕೋಪ ಬಂತು ಗೊತ್ತಾ?”

ಇಂಗ್ರಿಡ್ ಮಗನ ತೋಳು ಹಿಡಿದು ನಡೆಯತೊಡಗಿದರು. ಅವರ ಕಥೆಯಲ್ಲಿ ಕೆಮ್ಮುವ ಕಾರ್ಲ್‌ನ ಸರದಿ ಬರುವಷ್ಟರಲ್ಲಿ ಬಸವರಾಜ ನನ್ನ ಅಂಗಿಯನ್ನು ಹಿಂದಕ್ಕೆ ಜಗ್ಗಿದ; ನಾವಿಬ್ಬರೂ ಬೇಕೆಂದೇ ಹಿಂದೆ ಉಳಿದೆವು.