ಅಪ್ಪನ ಏಕತಾರಿ, ನನ್ನ ಸೈಕಲ್ಲು

ಮೇಲುಕೋಟೆ ಬೆಟ್ಟದ ಕಾಡಿನಲ್ಲಿ ದಾರಿ ತಪ್ಪಿದಾಗ ನಮ್ಮಪ್ಪ ಏಕತಾರಿ ಮೀಟುತ್ತಿದ್ದರು. ಬಂದ ದಾರಿ ತಾನಾಗಿ ಕಾಲಿಗೆ ಸಿಗುತ್ತಿತ್ತು. ನಿಲ್ಲಿಸದೆ ಮೀಟಿದರೆ ಆ ದಾರಿಯಲ್ಲಿ ನಡೆದ ಹೊತ್ತೇ ಮರಳಿ ಬರುತ್ತಿತ್ತು. "ನಡ್ದಿದ್ರೆ ಮಾತ್ರ ಕಣ್ಲಾ, ಗಾಡೀಲಿ ಓಗಿದ್ರೆ ಸಿಕ್ಕಾಕಿಲ್ಲ" ಎಂದು ನನಗೆ ಹೇಳಿಕೊಟ್ಟಿದ್ದರು.

ತೊಂಬತ್ತರ ದಶಕದ ನಡುವೆ ಒಂದು ಬೆಳಿಗ್ಗೆ, ನಾಗಮಂಗಲದ ಗಂಡನ ಮನೆಯಿಂದ ಓಡಿಬಂದಿದ್ದ ತಂಗಿಯನ್ನು ಅಲ್ಲಿಗೇ ವಾಪಸ್ ಕಳಿಸಲು ಸೈಕಲ್ಲಿನಲ್ಲಿ ಕೂರಿಸಿಕೊಂಡು ಪಾಂಡವಪುರದ ಬಸ್‌ಸ್ಟ್ಯಾಂಡಿಗೆ ಕರೆತಂದೆ. "ಓಗಾಕಿಲ್ಲ ಕಣಣ್ಣ, ಅವ್ರು ನನ್ನ ಉಳ್ಸಾಕಿಲ್ಲ" ಎಂದು ದಾರಿಯುದ್ದಕ್ಕೂ ಅತ್ತಳು. "ಸುಮ್ಕೆ ಕುಂತ್ಕಮ್ಮಿ" ಎಂದು ಗದರಿದೆ. ಅವಳು ಬಸ್ಸು ಹತ್ತುವಾಗ ನಾನು ಸೈಕಲ್ಲಿನಿಂದ ಇಳಿಯಲೂ ಇಲ್ಲ. ಬಸ್ಸು ಹೊರಟ ಮೇಲೆ ನೋಡಿದರೆ ಟೈರು ಪಂಕ್ಚರಾಗಿತ್ತು. ದರಿದ್ರ ಸೈಕಲ್ಲು ಎಂದು ಬೈಯುತ್ತಾ ತಳ್ಳಿಕೊಂಡು ಊರಿಗೆ ನಡೆದೆ. ಮೂರನೇ ದಿನ ಅವಳನ್ನು ಬಾವಿಯಿಂದ ಎತ್ತಿದರು.

ಅಪ್ಪ ಏಕತಾರಿಯನ್ನು ನನ್ನ ತೊಡೆಯ ಮೇಲಿಟ್ಟರು. ಬೆರಳು ಸೀಳುವ ತನಕ ಮೀಟಿದೆ. ಅಂದು ನಡೆದ ದಾರಿ ನನ್ನನ್ನು ಹಿಂದಕ್ಕೆ ಎಳೆದು ಬಸ್‌ಸ್ಟ್ಯಾಂಡಿಗೆ ತಂದು ನಿಲ್ಲಿಸಿತು. ಬಸ್ಸು ತಿರುವಿನಲ್ಲಿ ಮರೆಯಾಗುತ್ತಿತ್ತು. ಅದಕ್ಕಿಂತ ಹಿಂದೆ ಹೋಗಲು ನಾನು ನಡೆದ ನೆಲವೇ ಇರಲಿಲ್ಲ. ಅಷ್ಟಾದರೂ ಕಂಡದ್ದು ಆ ಪಂಕ್ಚರಿನ ದಯೆ.

ಈಗಲೂ ಮೀಟುತ್ತೇನೆ. ಕಾಣುವುದು ಅದೇ ಬಸ್ಸಿನ ಬೆನ್ನು. ಬಸ್ಸಿನ ಬಾಗಿಲವರೆಗೆ ಅವಳ ಜೊತೆ ನಾಲ್ಕು ಹೆಜ್ಜೆ ನಡೆದಿದ್ದರೆ ಸಾಕಿತ್ತು.